ಅರ್ಜಿ ಕೊಟ್ಟಿರಿ, ಚೀಟಿ ಪಡೆದಿರಾ?

ನೀವು ಕೊನೆಯ ಬಾರಿ ಸರಕಾರಿ ಕಚೇರಿಗೆ ಹೋದದ್ದು ಯಾವಾಗ? ರೇಷನ್ ಕಾರ್ಡಿಗಾಗಿಯೋ, ಮಗಳ ಜಾತಿ ಪ್ರಮಾಣಪತ್ರಕ್ಕಾಗಿಯೋ, ತಾಯಿಯ ವಿಧವಾ ವೇತನಕ್ಕಾಗಿಯೋ ಹೋಗಿರಬಹುದು. ಕೆಲಸ ಆಯಿತೋ ಇಲ್ಲವೋ, ಅದು ಆಮೇಲಿನ ಮಾತು. ಅರ್ಜಿ ಕೊಟ್ಟು ಮನೆಗೆ ಮರಳುವಾಗ ನಿಮ್ಮ ಕೈಯಲ್ಲಿ ಏನಿತ್ತು? ದಿನಾಂಕ, ಸಂಖ್ಯೆ ಇರುವ ಒಂದು ಚೀಟಿ ಇತ್ತೇ? ಅಥವಾ ‘ನೋಡೂಣ, ಮುಂದಿನ ವಾರ ಬರ್ರಿ’ ಎಂಬ ಮಾತು ಮಾತ್ರ ಇತ್ತೇ?

ಈ ಪ್ರಶ್ನೆಯನ್ನು ನಿಮಗೆ ಕೇಳುವ ಮೊದಲು ನನ್ನ ಕಥೆಯನ್ನು ಹೇಳಿಬಿಡುತ್ತೇನೆ. ಏಕೆಂದರೆ ನಾನೂ ಬರಿಗೈಯಲ್ಲಿ ಮರಳಿದವನೇ.

2016ರ ಚಳಿಗಾಲದಲ್ಲಿ ನಮ್ಮ ಅಬ್ಬಾ ತೀರಿಕೊಂಡರು. ಅವರ ಹೆಸರಿನಲ್ಲಿ ಎರಡು ಎಕರೆ ಚಿಲ್ಲರೆ ಎರೆ ಹೊಲವಿತ್ತು. ಹಿಂಗಾರಿಗೆ ಜೋಳ, ಕಡಲೆ ಬೆಳೆಯುವ ಹೊಲ. ನಲವತ್ತು ದಿನ ಕಳೆದ ಮೇಲೆ ಊರ ಹಿರಿಯರು ‘ಮಾಸ್ತರ, ಲಗೂನ ವಾರಸಾ ಮಾಡಿಸಿಬಿಡ್ರಿ’ ಎಂದರು. ಹೊಲದ ಉತಾರ, ಮರಣ ಪ್ರಮಾಣಪತ್ರ ಎಲ್ಲ ಹೊಂದಿಸಿಕೊಂಡು ಕಚೇರಿಗೆ ಹೋದೆ. ಅದು ಯಾವ ಕಚೇರಿ, ಯಾವ ಊರು ಎಂದು ಇಲ್ಲಿ ಹೇಳುವುದಿಲ್ಲ. ಅದರಿಂದ ಯಾರಿಗೂ ಪ್ರಯೋಜನವಿಲ್ಲ. ಅಲ್ಲಿದ್ದವರು ನನ್ನನ್ನು ಗುರುತಿಸಿ ಕುರ್ಚಿ ಕೊಟ್ಟರು. ‘ಇಟ್ಟು ಹೋಗ್ರಿ ಮಾಸ್ತರ, ನಾವು ನೋಡ್ಕೋತೀವಿ’ ಎಂದರು. ಆ ಗೌರವಕ್ಕೆ ನಾನು ಕರಗಿದೆ. ‘ಅರ್ಜಿ ಮುಟ್ಟಿದ್ದಕ್ಕೆ ಒಂದು ಚೀಟಿ ಕೊಡಿ’ ಎಂದು ಕೇಳಲು ನಾಚಿಕೆಯಾಯಿತು. ಕೇಳಿದರೆ ಅವರ ಮೇಲೆ ಸಂಶಯಪಟ್ಟಂತೆ ಆಗುತ್ತದಲ್ಲವೇ ಎಂದುಕೊಂಡೆ.

ಎಂಟು ತಿಂಗಳು ಕಳೆಯಿತು. ಅಷ್ಟರಲ್ಲಿ ಹನ್ನೊಂದು ಬಾರಿ ಶಾಲೆಗೆ ಅರ್ಧ ದಿನ ರಜೆ ಹಾಕಿ ಅಲ್ಲಿಗೆ ಅಲೆದಿದ್ದೆ. ಹನ್ನೆರಡನೆಯ ಬಾರಿ ಹೋದಾಗ ಕುರ್ಚಿಯಲ್ಲಿ ಹೊಸಬರಿದ್ದರು. ‘ಯಾವ ಅರ್ಜಿ ರೀ? ಇಲ್ಲಿ ಅಂಥಾದ್ದೇನೂ ಬಂದಿಲ್ಲ. ಚೀಟಿ ಐತೇನ್ರಿ?’ ಎಂದು ಕೇಳಿದರು. ಅವರ ಪ್ರಶ್ನೆಯಲ್ಲಿ ತಪ್ಪಿರಲಿಲ್ಲ. ನನ್ನ ಬಳಿ ಉತ್ತರವಿರಲಿಲ್ಲ. ಆ ಸಲ ಬರಗಾಲದ ಪರಿಹಾರ ಊರಿನ ಉಳಿದವರ ಖಾತೆಗೆ ಬಂತು. ನಮ್ಮ ಹೊಲದ ಉತಾರದಲ್ಲಿ ಇನ್ನೂ ಅಬ್ಬಾ ಅವರ ಹೆಸರೇ ಇತ್ತು. ಸತ್ತವರ ಖಾತೆಗೆ ಯಾರು ಹಣ ಹಾಕುತ್ತಾರೆ?

ಆ ದಿನ ಬಸ್ಸಿನಲ್ಲಿ ಕುಳಿತು ಮನೆಗೆ ಬರುವಾಗ ನನಗೆ ಒಂದು ಮಾತು ಹೊಳೆಯಿತು. ಸರಕಾರಿ ಸೇವೆ ಸುಧಾರಿಸಬೇಕೆಂದು ನಾವೆಲ್ಲ ಭಾಷಣ ಮಾಡುತ್ತೇವೆ. ಆದರೆ ಸುಧಾರಣೆ ಶುರುವಾಗುವುದು ಅಂಗೈಯಗಲದ ಆ ಚೀಟಿಯಿಂದ.

ಹಲವು ತಾಲ್ಲೂಕು, ಒಂದು ಪ್ರಾಂತ ಕಚೇರಿ

ಬೈಲಹೊಂಗಲ, ಕಿತ್ತೂರು, ಸವದತ್ತಿ, ರಾಮದುರ್ಗ. ಬೆಳಗಾವಿ ಜಿಲ್ಲೆಯ ಈ ತಾಲ್ಲೂಕುಗಳು ಬೈಲಹೊಂಗಲ ಉಪವಿಭಾಗಕ್ಕೆ ಸೇರಿದವು. ಉಪವಿಭಾಗಾಧಿಕಾರಿಗಳ ಕಚೇರಿ ಇರುವುದು ಬೈಲಹೊಂಗಲದಲ್ಲಿ. ನಮ್ಮ ಹಿರಿಯರು ಇಂದಿಗೂ ಅದನ್ನು ‘ಪ್ರಾಂತ ಕಚೇರಿ’ ಎನ್ನುತ್ತಾರೆ. ತಹಶೀಲ್ದಾರರಿಗೆ ಮಾಮಲೇದಾರ, ಗ್ರಾಮಲೆಕ್ಕಿಗರಿಗೆ ತಲಾಟಿ ಎನ್ನುವುದೂ ಮುಂಬೈ ಪ್ರಾಂತದ ಕಾಲದಿಂದ ಉಳಿದು ಬಂದ ರೂಢಿ.

ಇಲ್ಲಿನ ಕಚೇರಿಗಳಿಗೆ ಉದ್ದದ ಚರಿತ್ರೆ ಇದೆ. ಬೈಲಹೊಂಗಲ ಕೇಂದ್ರವಾಗಿದ್ದ ತಾಲ್ಲೂಕಿಗೆ ಹಿಂದೆ ಸಂಪಗಾಂವ ಎಂಬ ಹೆಸರಿತ್ತು. ಸವದತ್ತಿ ತಾಲ್ಲೂಕು ಪರಸಗಡ ಎನಿಸಿಕೊಂಡಿತ್ತು. ರಾಮದುರ್ಗ 1948ರವರೆಗೂ ಪ್ರತ್ಯೇಕ ಸಂಸ್ಥಾನ. ಕಿತ್ತೂರು ಬಹುಕಾಲ ಬೈಲಹೊಂಗಲ ತಾಲ್ಲೂಕಿನೊಳಗಿದ್ದು ಈಗ ಸ್ವತಂತ್ರ ತಾಲ್ಲೂಕಾಗಿದೆ. ಸವದತ್ತಿಯಿಂದ ಬೇರ್ಪಟ್ಟ ಯರಗಟ್ಟಿಯೂ ಈಗ ತಾಲ್ಲೂಕು. ಬೈಲಹೊಂಗಲವನ್ನೇ ಜಿಲ್ಲೆ ಮಾಡಬೇಕೆಂಬ ಬೇಡಿಕೆ ಹಳೆಯದು.

ಕಾಗದಕ್ಕಿರುವ ಬಲ ಈ ಸೀಮೆಯ ಜನರಿಗೆ ಹೊಸ ವಿಷಯವೇನಲ್ಲ. 1824ರಲ್ಲಿ ಕಿತ್ತೂರು ರಾಣಿ ಚೆನ್ನಮ್ಮ ಬ್ರಿಟಿಷರ ವಿರುದ್ಧ ನಿಂತದ್ದು ದತ್ತಕದ ಹಕ್ಕನ್ನು ಅವರು ಒಪ್ಪದೇ ಹೋದಾಗ. ಅಂದರೆ ವಾರಸುದಾರ ಯಾರು ಎಂಬ ಪ್ರಶ್ನೆಯ ಮೇಲೆ. ರಾಣಿಯವರು 1829ರಲ್ಲಿ ಬೈಲಹೊಂಗಲದಲ್ಲಿ ಸೆರೆಯಲ್ಲೇ ತೀರಿಕೊಂಡರು. ಮರುವರ್ಷ ಸಂಗೊಳ್ಳಿ ರಾಯಣ್ಣ ಬಂಡಾಯವೆದ್ದಾಗ ಬೀಡಿಯ ಸರಕಾರಿ ಕಚೇರಿಗೆ ಬೆಂಕಿ ಇಟ್ಟ. ಜನರ ಭೂಮಿಯನ್ನು ಕಸಿಯುವ ಲೆಕ್ಕ ಎಲ್ಲಿ ಬರೆಯಲ್ಪಡುತ್ತದೆ ಎಂಬುದು ಅವನಿಗೆ ಗೊತ್ತಿತ್ತು.

ಇಂದು ಕಚೇರಿ ನಮ್ಮದೇ. ಅದನ್ನು ಸುಡುವ ಕಾಲವಲ್ಲ, ಸರಿಪಡಿಸುವ ಕಾಲ. ಆದರೆ ತಾಲ್ಲೂಕು ಹತ್ತಿರ ಬಂದ ಮಾತ್ರಕ್ಕೆ ಸೇವೆ ಹತ್ತಿರ ಬಂದಂತಾಗುವುದಿಲ್ಲ. ಬಸ್ಸಿನ ಟಿಕೆಟ್ ದರ ಕಡಿಮೆಯಾಗಬಹುದು. ‘ನಾಳೆ ಬರ್ರಿ’ ಎನ್ನುವುದು ಹಾಗೆಯೇ ಉಳಿದರೆ ದಿನಗೂಲಿಯವನಿಗೆ ಲಾಭವೇನು? ರಾಮದುರ್ಗದ ನೇಕಾರನೊಬ್ಬ ಕಚೇರಿಗೆ ಬಂದ ದಿನ ಅವನ ಮಗ್ಗ ನಿಲ್ಲುತ್ತದೆ. ಸವದತ್ತಿ ಕಡೆಯ ಕೂಲಿಹೆಣ್ಣುಮಗಳು ಬಂದ ದಿನ ಅವಳ ಕೂಲಿ ಹೋಗುತ್ತದೆ. ಸರಕಾರ ನಿಗದಿಪಡಿಸಿದ ಶುಲ್ಕಕ್ಕಿಂತ ಈ ಅಲೆದಾಟದ ಶುಲ್ಕವೇ ದೊಡ್ಡದು. ಅದಕ್ಕೆ ರಸೀದಿಯೂ ಇಲ್ಲ.

ಕಾನೂನು ಎಂದೋ ಹೇಳಿದ ಮಾತು

ಚೀಟಿ ಕೇಳುವುದು ಯಾರನ್ನೋ ಅನುಮಾನಿಸುವುದಲ್ಲ. ಅದು ಕಾನೂನಿನ ಮಾತು. ಕರ್ನಾಟಕ ಭೂಕಂದಾಯ ಅಧಿನಿಯಮ 1964ರ 128ನೇ ಕಲಮು ಏನು ಹೇಳುತ್ತದೆ ನೋಡಿ. ವಾರಸು, ಪಾಲು, ಖರೀದಿ, ದಾನ ಮುಂತಾದ ಯಾವುದೇ ರೀತಿಯಲ್ಲಿ ಜಮೀನಿನ ಹಕ್ಕು ಪಡೆದವರು ಮೂರು ತಿಂಗಳೊಳಗೆ ಅದನ್ನು ಅಧಿಕಾರಿಗೆ ವರದಿ ಮಾಡಬೇಕು. ಬರೆದು ಕೊಡಬಹುದು, ಬಾಯಿಮಾತಿನಲ್ಲಿಯೂ ತಿಳಿಸಬಹುದು. ವರದಿ ಪಡೆದ ಅಧಿಕಾರಿ ಕೂಡಲೇ ಅದಕ್ಕೆ ಲಿಖಿತ ಸ್ವೀಕೃತಿ ಕೊಡಬೇಕು.

ಗಮನಿಸಿ, ‘ಕೂಡಲೇ’. ನಾಳೆ ಅಲ್ಲ, ಸಾಹೇಬರು ಬಂದ ಮೇಲೆ ಅಲ್ಲ. ಅದಕ್ಕೂ ಹಿಂದೆ ನಮ್ಮ ಭಾಗದಲ್ಲಿ ಜಾರಿಯಲ್ಲಿದ್ದ ಮುಂಬೈ ಪ್ರಾಂತದ ಭೂಕಂದಾಯ ಕಾನೂನಿನಲ್ಲಿಯೂ ಇದೇ ಮಾತಿತ್ತು. ಅಂದರೆ ಈ ಹಕ್ಕು ನಮ್ಮ ಅಜ್ಜಂದಿರಿಗೂ ಇತ್ತು. ಅವರು ಕೇಳಲಿಲ್ಲ, ಯಾರೂ ಕೊಡಲಿಲ್ಲ. ಬಿ.ಎ. ಮುಗಿಸಿ ಮಕ್ಕಳಿಗೆ ನಾಗರಿಕಶಾಸ್ತ್ರ ಕಲಿಸುವ ನನಗೂ ಅದು ಗೊತ್ತಿರಲಿಲ್ಲ.

ವ್ಯವಹಾರವನ್ನು ಬರೆದಿಡಬೇಕೆಂಬುದು ನಮಗೆ ಅಪರಿಚಿತ ಪಾಠವೇ? ಕುರ್‌ಆನಿನ ಅತಿ ದೀರ್ಘ ಸೂಕ್ತ ನಮಾಝಿನ ಬಗ್ಗೆಯಾಗಲಿ, ಉಪವಾಸದ ಬಗ್ಗೆಯಾಗಲಿ ಇರುವುದಲ್ಲ. ಅದು ಸಾಲದ ವ್ಯವಹಾರವನ್ನು ಸಾಕ್ಷಿಗಳ ಸಮಕ್ಷಮ ಬರೆದಿಡುವ ಬಗ್ಗೆ ಇರುವುದು. ಬರೆದಿಡುವುದು ಅವಿಶ್ವಾಸದ ಗುರುತಲ್ಲ. ಅದು ಇಬ್ಬರನ್ನೂ ಕಾಪಾಡುತ್ತದೆ. ಚೀಟಿ ಕೊಟ್ಟ ಪ್ರಾಮಾಣಿಕ ನೌಕರನಿಗೂ ಅದೇ ರಕ್ಷಣೆ.

ಯಂತ್ರ ಬಂತು, ಅರ್ಧ ದಾರಿ ಸವೆಯಿತು

ಹಿಂದೆ ಹೊಲದ ಉತಾರವನ್ನು ತಲಾಟಿ ಕೈಯಿಂದ ಬರೆದು ಕೊಡಬೇಕಿತ್ತು. ಅವರು ಇಂದು ಒಂದೂರು, ನಾಳೆ ಇನ್ನೊಂದೂರು. ಹುಡುಕುವುದೇ ಒಂದು ಕೆಲಸ. ಸಿಕ್ಕರೂ ಕೈ ಬೆಚ್ಚಗೆ ಮಾಡದೆ ಕಾಗದ ಕದಲುತ್ತಿರಲಿಲ್ಲ. 2000ದ ನಂತರದ ಒಂದೆರಡು ವರ್ಷಗಳಲ್ಲಿ ಬಂದ ‘ಭೂಮಿ’ ಯೋಜನೆ ಇದನ್ನು ಬದಲಿಸಿತು. ರಾಜ್ಯದ ಸುಮಾರು 67 ಲಕ್ಷ ರೈತರ ಸುಮಾರು ಎರಡು ಕೋಟಿ ಪಹಣಿಗಳನ್ನು ಕಂಪ್ಯೂಟರಿಗೆ ಏರಿಸಲಾಯಿತು. ತಾಲ್ಲೂಕು ಕಚೇರಿಯ ಕಿಟಕಿಯಲ್ಲಿ 15 ರೂಪಾಯಿ ಕೊಟ್ಟರೆ ಅಚ್ಚಾದ ಉತಾರ ಕೈಗೆ ಬರತೊಡಗಿತು. ಯಾರ ಮುಖವನ್ನೂ ನೋಡಬೇಕಿಲ್ಲ, ಸಲಾಂ ಹೊಡೆಯಬೇಕಿಲ್ಲ. ಉತಾರ ಪಡೆಯಲು ಲಂಚ ಕೊಡುವುದು ಬಹುಮಟ್ಟಿಗೆ ನಿಂತಿತು. ದೇಶವೇ ನಮ್ಮ ರಾಜ್ಯದ ಕಡೆ ತಿರುಗಿ ನೋಡಿತು.

ಆದರೆ ಯಂತ್ರ ತನ್ನೊಳಗೆ ಏನಿದೆಯೋ ಅದನ್ನೇ ಅಚ್ಚು ಹಾಕುತ್ತದೆ. ಒಳಗೆ ತಪ್ಪಿದ್ದರೆ ತಪ್ಪೇ ಬೇಗ ಹೊರಬರುತ್ತದೆ. ಸತ್ತವರ ಹೆಸರಿದ್ದರೆ ಸತ್ತವರ ಹೆಸರೇ ಬರುತ್ತದೆ. ಹೆಸರು ಬದಲಾಗಬೇಕಾದರೆ ಅರ್ಜಿ, ನೋಟೀಸು, ತಕರಾರಿನ ಅವಧಿ, ಮನುಷ್ಯರ ಸಹಿ ಎಲ್ಲ ಬೇಕು. ಕಿಟಕಿಯಲ್ಲಿ ಬೆಳಕು ಬಂತು, ಒಳಕೋಣೆಯಲ್ಲಿ ಕತ್ತಲು ಉಳಿಯಿತು.

ಆ ಒಳಕೋಣೆಗೆ ಗಡಿಯಾರ ಕಟ್ಟಿದ್ದು ‘ಸಕಾಲ’. ಮಧ್ಯಪ್ರದೇಶ 2010ರಲ್ಲಿ ದೇಶದಲ್ಲೇ ಮೊದಲ ಬಾರಿಗೆ ಇಂಥ ಕಾನೂನು ತಂದಿತ್ತು. ನಮ್ಮಲ್ಲಿ 2011ರ ಅಧಿನಿಯಮದಂತೆ, ಮೊದಲು ನೆರೆಯ ಧಾರವಾಡ ಸೇರಿದಂತೆ ನಾಲ್ಕು ತಾಲ್ಲೂಕುಗಳಲ್ಲಿ ಪ್ರಯೋಗ ಮಾಡಿ, 2012ರ ಏಪ್ರಿಲ್ 2ರಿಂದ ಇಡೀ ರಾಜ್ಯದಲ್ಲಿ ಜಾರಿಗೆ ತಂದರು. ಆರಂಭದಲ್ಲಿ 11 ಇಲಾಖೆಗಳ 151 ಸೇವೆಗಳಿದ್ದವು. ವರ್ಷಗಳು ಕಳೆದಂತೆ ಪಟ್ಟಿ ಸಾವಿರವನ್ನು ದಾಟಿತು.

ಸಕಾಲದ ತಿರುಳು ಬಹಳ ಸರಳ. ಅರ್ಜಿ ಕೊಟ್ಟಾಗ 15 ಅಂಕಿಗಳ ಒಂದು ಸಂಖ್ಯೆಯಿರುವ ಸ್ವೀಕೃತಿ ಸಿಗುತ್ತದೆ. ಕೆಲಸ ಯಾವ ದಿನದೊಳಗೆ ಆಗಬೇಕೆಂಬುದು ಅಲ್ಲಿಂದಲೇ ಲೆಕ್ಕ. ದಿನ ಮೀರಿದರೆ ಅಥವಾ ಅರ್ಜಿ ತಿರಸ್ಕೃತವಾದರೆ ಮೇಲಧಿಕಾರಿಗೆ ಮೇಲ್ಮನವಿ ಸಲ್ಲಿಸಬಹುದು. ತಡವಾದ ಪ್ರತಿ ದಿನಕ್ಕೆ 20 ರೂಪಾಯಿಯಂತೆ, ಗರಿಷ್ಠ 500 ರೂಪಾಯಿವರೆಗೆ ಅರ್ಜಿದಾರನಿಗೆ ಪರಿಹಾರ ಉಂಟು. ಅದನ್ನು ತಡ ಮಾಡಿದ ನೌಕರರಿಂದಲೇ ವಸೂಲು ಮಾಡಬೇಕು. ಐನೂರು ರೂಪಾಯಿ ದೊಡ್ಡ ಮೊತ್ತವಲ್ಲ. ಆದರೆ ಬಡವನ ಸಮಯಕ್ಕೂ ಬೆಲೆಯುಂಟು ಎಂದು ಸರಕಾರ ಕಾಗದದ ಮೇಲೆ ಒಪ್ಪಿಕೊಂಡದ್ದು ಸಣ್ಣ ಮಾತಲ್ಲ.

ಸೋರುವುದು ಎಲ್ಲಿ?

‘ದೇವರು ವರ ಕೊಟ್ಟರೂ ಪೂಜಾರಿ ಕೊಡ’ ಎಂಬ ಗಾದೆ ನೆನಪಾಗುವುದು ಇಲ್ಲಿಯೇ. ಗಡಿಯಾರ ಓಡಬೇಕಾದರೆ ಅರ್ಜಿ ದಾಖಲಾಗಬೇಕಲ್ಲವೇ? ಆದ್ದರಿಂದ ಕೆಲವೆಡೆ ದಾಖಲು ಮಾಡದೇ ಅರ್ಜಿ ಪಡೆಯುತ್ತಾರೆ. ‘ಈಗ ಸರ್ವರ್ ಇಲ್ಲ, ಇಟ್ಟು ಹೋಗ್ರಿ’ ಎನ್ನುತ್ತಾರೆ. ಕೆಲಸ ತಯಾರಾದ ಮೇಲೆ ದಾಖಲಿಸುತ್ತಾರೆ. ಲೆಕ್ಕದಲ್ಲಿ ಎಲ್ಲವೂ ಸಕಾಲಕ್ಕೆ ಆಗಿರುತ್ತದೆ. ಇನ್ನು ಕೆಲವೆಡೆ ಅವಧಿ ಮುಗಿಯುವ ಹಿಂದಿನ ದಿನ ಯಾವುದೋ ಸಣ್ಣ ಕೊರತೆ ತೋರಿಸಿ ಅರ್ಜಿಯನ್ನು ತಿರಸ್ಕರಿಸುತ್ತಾರೆ. ಪರಿಹಾರ ಕೇಳುವವರು ಅಪರೂಪ. ‘ನಾಳೆ ಮತ್ತೆ ಅದೇ ಬಾಗಿಲಿಗೆ ಹೋಗಬೇಕಲ್ಲ, ಯಾಕೆ ಹಗೆ ಕಟ್ಟಿಕೊಳ್ಳುವುದು’ ಎಂಬ ಅಂಜಿಕೆ ನಮ್ಮದು.

ನೌಕರರ ಕಷ್ಟವನ್ನೂ ನಾವು ತಿಳಿಯಬೇಕು. ಹಿಂದಿನ ಕುಲಕರ್ಣಿ ಹೋಗಿ ತಲಾಟಿ ಬಂದರು, ತಲಾಟಿ ಗ್ರಾಮಲೆಕ್ಕಾಧಿಕಾರಿಯಾದರು, ಈಗ ಅವರು ಗ್ರಾಮ ಆಡಳಿತಾಧಿಕಾರಿ. ಹೆಸರು ದೊಡ್ಡದಾಯಿತು, ಹೊರೆಯೂ ದೊಡ್ಡದಾಯಿತು. ಒಬ್ಬರ ಮೇಲೆ ಎರಡು ಮೂರು ಊರು. ಮತದಾರರ ಪಟ್ಟಿ, ಬೆಳೆ ಹಾನಿ, ನೆರೆ, ಬರ, ಪಿಂಚಣಿ ಪರಿಶೀಲನೆ ಎಲ್ಲವೂ ಅವರದೇ ತಲೆಗೆ. ಜನಗಣತಿ, ಚುನಾವಣೆ ಎಂದು ಶಿಕ್ಷಕರಾದ ನಮ್ಮನ್ನು ಎಳೆದಾಡುವಂತೆಯೇ ಅವರನ್ನೂ ಎಳೆದಾಡುತ್ತಾರೆ. ಖಾಲಿ ಹುದ್ದೆ ತುಂಬದೆ, ಕೆಟ್ಟ ಕಂಪ್ಯೂಟರನ್ನು ಸರಿಪಡಿಸದೆ ಅವಧಿಯನ್ನು ಮಾತ್ರ ಕಡಿತಗೊಳಿಸಿದರೆ ಅವರು ಅಡ್ಡದಾರಿ ಹುಡುಕುವುದು ಸಹಜ. ಚೀಟಿಗೆ ಇಲ್ಲಿಯೂ ಒಂದು ಉಪಯೋಗವುಂಟು. ಬಂದ ಅರ್ಜಿಯೆಲ್ಲ ಅಂದೇ ದಾಖಲಾದರೆ ಯಾವ ಮೇಜಿನ ಮೇಲೆ ಎಷ್ಟು ಹೊರೆ ಎಂಬುದು ಮೇಲಿನವರಿಗೆ ಕಾಣುತ್ತದೆ. ದಾಖಲಾಗದ ಅರ್ಜಿ ಜನರ ಕಷ್ಟವನ್ನಷ್ಟೇ ಅಲ್ಲ, ನೌಕರನ ಕಷ್ಟವನ್ನೂ ಮುಚ್ಚಿಡುತ್ತದೆ.

2019ರ ಆಗಸ್ಟ್ ನೆನಪಿದೆಯೇ? ಮಲಪ್ರಭೆ ಉಕ್ಕಿ ಸವದತ್ತಿ, ರಾಮದುರ್ಗ ತಾಲ್ಲೂಕುಗಳ ನದಿಪಾತ್ರದ ಊರುಗಳಿಗೆ ನುಗ್ಗಿತು. ಪೂರ್ತಿ ಬಿದ್ದ ಮನೆಗೆ ಐದು ಲಕ್ಷ ರೂಪಾಯಿ ಎಂದು ಸರಕಾರ ಘೋಷಿಸಿತು. ಮನೆಗಳನ್ನು ಹಾನಿಗೆ ತಕ್ಕಂತೆ ವರ್ಗ ಮಾಡಿ ಪಟ್ಟಿ ಮಾಡಿದರು. ನೀರು ಎಲ್ಲರ ಗೋಡೆಯನ್ನೂ ಒಂದೇ ರೀತಿ ಕೆಡವಿತ್ತು. ಆದರೆ ಪಟ್ಟಿಗೆ ಬೇಕಾದದ್ದು ಕಾಗದ. ಮನೆಯ ಉತಾರ ಅಜ್ಜನ ಹೆಸರಿನಲ್ಲಿ ಇರುವವರು, ಅಣ್ಣತಮ್ಮಂದಿರು ಒಂದೇ ಸೂರಿನಡಿ ಬೇರೆ ಬೇರೆ ಒಲೆ ಹೂಡಿದವರು, ಹಕ್ಕುಪತ್ರವನ್ನೇ ಕಾಣದವರು ಅಲೆದರು. ಆಪತ್ತಿನ ದಿನ ಕಾಗದ ಹುಡುಕುವುದು ನೀರು ಬಂದ ಮೇಲೆ ಒಡ್ಡು ಕಟ್ಟಿದಂತೆ.

ತಪ್ಪು ನಮ್ಮ ಕಡೆಯೂ ಇದೆ

ಈಗ ಶಿಕ್ಷಕನಾಗಿ ನನ್ನ ಒಂದು ತಪ್ಪನ್ನು ಒಪ್ಪಿಕೊಳ್ಳಬೇಕು. ಒಂದನೇ ತರಗತಿಗೆ ಮಕ್ಕಳನ್ನು ಸೇರಿಸಲು ಅಜ್ಜಿಯೋ ದೊಡ್ಡಪ್ಪನೋ ಬರುತ್ತಿದ್ದರು. ‘ಹುಟ್ಟಿದ ದಿನ ಯಾವುದು?’ ಎಂದರೆ ‘ಉರುಸಿನ ಮುಂದ ಹುಟ್ಯಾನ್ರಿ’ ಎನ್ನುವರು. ನಾವು ‘ಜೂನ್ 1’ ಎಂದು ಬರೆಯುತ್ತಿದ್ದೆವು. ನಾನು ಹೊಸದಾಗಿ ಸೇರಿದಾಗ ಒಂದು ತರಗತಿಯಲ್ಲಿ ಮೂರರಲ್ಲಿ ಒಂದು ಪಾಲು ಮಕ್ಕಳು ಒಂದೇ ದಿನ ಹುಟ್ಟಿದವರಾಗಿದ್ದರು! ನಗು ಬರುವ ಮಾತು. ಆದರೆ ಹದಿನೈದು ವರ್ಷಗಳ ಬಳಿಕ ಅವರಲ್ಲೊಬ್ಬ ಹೆಣ್ಣುಮಗಳು ಮನೆ ಬಾಗಿಲಿಗೆ ಬಂದಳು. ಶಾಲೆಯ ದಾಖಲೆಯಲ್ಲಿ ಒಂದು ದಿನಾಂಕ, ಆಸ್ಪತ್ರೆಯ ಕಾಗದದಲ್ಲಿ ಇನ್ನೊಂದು, ಆಧಾರಿನಲ್ಲಿ ಮತ್ತೊಂದು. ನೌಕರಿಯ ಅರ್ಜಿ ಅಲ್ಲಿಗೇ ನಿಂತಿತ್ತು. ‘ಸರ, ಇದು ನಿಮ್ಮ ಅಕ್ಷರ ಅಲ್ರೀ?’ ಎಂದಳು. ನನ್ನ ಅಕ್ಷರವೇ.

ಹೆಸರಿನ ಕಥೆಯೂ ಹೀಗೆಯೇ. ನಮ್ಮ ಅಬ್ಬಾ ಉತಾರದಲ್ಲಿ ಹುಸೇನಸಾಬ, ರೇಷನ್ ಕಾರ್ಡಿನಲ್ಲಿ ಹುಸೇನಸಾಹೇಬ, ಮರಣ ಪ್ರಮಾಣಪತ್ರದಲ್ಲಿ ಮಹಮ್ಮದ್ ಹುಸೇನ್. ಮನೆಯಲ್ಲಿ ಮೂವರೂ ಒಬ್ಬರೇ. ಕಂಪ್ಯೂಟರಿಗೆ ಮೂವರು ಬೇರೆ ಬೇರೆ ಮನುಷ್ಯರು. ಹೆಣ್ಣುಮಕ್ಕಳದಂತೂ ಕೇಳಲೇಬೇಡಿ. ತವರಿನಲ್ಲಿ ಫಾತಿಮಾ, ಗಂಡನ ಮನೆಯಲ್ಲಿ ಫಾತಿಮಾಬಿ, ಬ್ಯಾಂಕಿನಲ್ಲಿ ಬೀಬಿ ಫಾತಿಮಾ. ವಿಧವಾ ವೇತನ ಬಾರದೆ ನಿಂತಾಗ ಈ ವ್ಯತ್ಯಾಸ ಹೊರಬೀಳುತ್ತದೆ.

ಜನನ ನೋಂದಣಿಯ ಕಾನೂನು 1969ರದು. 21 ದಿನಗಳೊಳಗೆ ತಿಳಿಸಿದರೆ ಖರ್ಚಿಲ್ಲದೆ ನೋಂದಣಿ. ಒಂದು ವರ್ಷ ದಾಟಿದರೆ ಹಿಂದೆ ನ್ಯಾಯಾಲಯದ ಮ್ಯಾಜಿಸ್ಟ್ರೇಟರ ಆದೇಶ ಬೇಕಿತ್ತು. 2023ರ ತಿದ್ದುಪಡಿ ಆ ಅಧಿಕಾರವನ್ನು ಜಿಲ್ಲಾ ದಂಡಾಧಿಕಾರಿ, ಉಪವಿಭಾಗೀಯ ದಂಡಾಧಿಕಾರಿ ಅಥವಾ ಅಧಿಕಾರ ಪಡೆದ ಕಾರ್ಯನಿರ್ವಾಹಕ ದಂಡಾಧಿಕಾರಿಗೆ ಕೊಟ್ಟಿತು. ಅದೇ ತಿದ್ದುಪಡಿಯ ಪ್ರಕಾರ 2023ರ ಅಕ್ಟೋಬರ್ 1ರಿಂದ ಈಚೆಗೆ ಹುಟ್ಟಿದ ಮಕ್ಕಳಿಗೆ ಶಾಲೆ, ಪಾಸ್‌ಪೋರ್ಟ್, ನೌಕರಿ ಮುಂತಾದ ಕಡೆಗಳಲ್ಲಿ ಜನ್ಮದಿನ, ಜನ್ಮಸ್ಥಳಗಳಿಗೆ ಜನನ ಪ್ರಮಾಣಪತ್ರವೇ ಆಧಾರ. ಇನ್ನು ‘ಜೂನ್ 1’ರ ಕಾಲ ಮುಗಿಯಿತು. ಅದು ಒಳ್ಳೆಯದೇ. ಆದರೆ ಹೆರಿಗೆಯಾದ ಮನೆಯವರು ಹೆಸರು ಇಡುವ ಸಂಭ್ರಮದಲ್ಲಿ ನೋಂದಣಿ ಮರೆತರೆ ನಾಳೆ ಆ ಮಗುವೇ ಕಚೇರಿ ಅಲೆಯಬೇಕಾಗುತ್ತದೆ.

ಆಪಾ ಹೇಳಿದ ಮಾತು

ಎರಡನೇ ಬಾರಿ ವಾರಸಾ ಅರ್ಜಿ ತಯಾರಿಸುವಾಗ ನಡೆದುದನ್ನು ಹೇಳದಿದ್ದರೆ ಈ ಲೇಖನ ಅರ್ಧ ಸುಳ್ಳಾಗುತ್ತದೆ. ಅಲೆದು ದಣಿದ ನಾನು ಏಜೆಂಟರೊಬ್ಬರ ಬಳಿ ಹೋದೆ. ವಂಶಾವಳಿ ಬರೆಯುತ್ತ ಅವರು ‘ಮಾಸ್ತರ, ಅಕ್ಕತಂಗೇರ ಹೆಸರು ಹಾಕಿದ್ರ ಅವರ ಆಧಾರ, ಸಹಿ ಎಲ್ಲಾ ತರಬೇಕಾಗ್ತೈತಿ. ಗಂಡಸರದಷ್ಟ ಹಾಕಿ ಮುಗಿಸೂಣೇನ್ರಿ?’ ಎಂದರು. ಮದ್ರಸಾದಲ್ಲಿ ವಾರಸು ಪಾಲಿನ ಲೆಕ್ಕವನ್ನು ಬಾಯಿಪಾಠ ಮಾಡಿದವನು ನಾನು. ಹೆಂಡತಿಗೆ ಎಷ್ಟು, ಮಗಳಿಗೆ ಎಷ್ಟು ಎಂದು ಸಂಜೆಯ ತರಗತಿಯಲ್ಲಿ ಮಕ್ಕಳಿಗೆ ಕಲಿಸುವವನು. ಆದರೂ ಆ ಕ್ಷಣ ‘ಬೇಡ’ ಎನ್ನಲಿಲ್ಲ. ಸುಮ್ಮನಿದ್ದೆ. ಕೆಲಸ ಬೇಗ ಆಗುತ್ತದೆ ಎಂಬ ಆಸೆ.

ರಾತ್ರಿ ಊಟಕ್ಕೆ ಕುಳಿತಾಗ ಅಮ್ಮಿ ಕೇಳಿದರು: ‘ಆಪಾಗಳ ಹೆಸರು ಬರೆಸಿದೆಯೇನಪ್ಪಾ?’ ತುತ್ತು ಗಂಟಲಲ್ಲಿ ನಿಂತಿತು. ಬೆಳಿಗ್ಗೆ ಹೋಗಿ ಆ ಕಾಗದವನ್ನು ವಾಪಸು ಪಡೆದೆ. ದೊಡ್ಡ ಆಪಾ ರಾಮದುರ್ಗದಿಂದ ಬಂದರು. ಮನೆಯಲ್ಲಿ ಮಗ್ಗವಿದೆ, ಕಂಡಿಕೆ ಸುತ್ತುವ ಕೆಲಸ ಬಿಟ್ಟು ಬಂದಿದ್ದರು. ನಾನು ನಡೆದುದನ್ನು ಹೇಳಿ, ‘ನಿಮಗೆ ತೊಂದರೆ ಆಗಬಾರದು ಅಂತ...’ ಎಂದು ತಡವರಿಸಿದೆ. ಅವರು ಸಹಿ ಮಾಡುತ್ತಲೇ ಹೇಳಿದರು: ‘ಹೊಲ ಬೇಡ ಅನ್ನೋದಿದ್ರೆ ನಾನು ಅನ್ನಬೇಕು ಭಾಯಿ, ನೀನಲ್ಲ.’

ಅವರು ಇಂದಿನವರೆಗೆ ಹಾಗೆ ಹೇಳಿಲ್ಲ. ಹೇಳಬೇಕಾಗಿಯೂ ಇಲ್ಲ. ಪ್ರತಿ ಸುಗ್ಗಿಗೆ ಅವರ ಪಾಲಿನ ಜೋಳ, ಕಡಲೆ ಅವರ ಮನೆ ಸೇರುತ್ತದೆ.

ಓದುಗರೇ, ಕಚೇರಿಯಲ್ಲಿ ಭ್ರಷ್ಟಾಚಾರ ಎಂದು ನಾವು ಬೆರಳು ತೋರಿಸುತ್ತೇವೆ. ಆದರೆ ಮನೆಯ ಹೆಣ್ಣುಮಕ್ಕಳ ಹೆಸರು ಬಿಟ್ಟ ವಂಶಾವಳಿಯನ್ನು ಕಚೇರಿಗೆ ಒಯ್ಯುವವರು ಯಾರು? ಸುಳ್ಳು ಕಾಗದ ಕೊಟ್ಟು ಸರಿಯಾದ ಸೇವೆ ನಿರೀಕ್ಷಿಸುವುದು ಎಂಥ ನ್ಯಾಯ? ಮುಂದೆ ಅದೇ ತಕರಾರಾಗಿ ತಹಶೀಲ್ದಾರರ ಮುಂದೆ, ಅಲ್ಲಿಂದ ಪ್ರಾಂತ ಕಚೇರಿಗೆ ಅಪೀಲಾಗಿ ವರ್ಷಗಟ್ಟಲೆ ಕೂರುತ್ತದೆ. ಆ ಕಡತಗಳ ರಾಶಿಯಲ್ಲಿ ನಮ್ಮ ಮನೆಗಳ ಪಾಲೂ ಇದೆ.

ಎರಡನೇ ಅರ್ಜಿಯನ್ನು ನಾಡಕಚೇರಿಯ ಕಿಟಕಿಯಲ್ಲಿಯೇ ಕೊಟ್ಟು ಸ್ವೀಕೃತಿ ಪಡೆದೆ. ಒಮ್ಮೆ ಒಂದು ಕೊರತೆ ತೋರಿಸಿದರು, ಸರಿಪಡಿಸಿ ಕೊಟ್ಟೆ. ನೋಟೀಸಿನ ಅವಧಿ ಮುಗಿಯಿತು, ತಕರಾರು ಬರಲಿಲ್ಲ. ಎಂಟು ತಿಂಗಳಲ್ಲಿ ಹುಟ್ಟದ ಅರ್ಜಿ ಮೂರು ತಿಂಗಳೊಳಗೆ ಮುಗಿಯಿತು. ಯಾರಿಗೂ ಏನೂ ಕೊಡಲಿಲ್ಲ. ಕಚೇರಿ ಅದೇ, ಜನರೂ ಅವರೇ. ಬದಲಾದದ್ದು ನನ್ನ ಜೇಬಿನಲ್ಲಿದ್ದ ಚೀಟಿ.

ಇವು ಗಮನದಲ್ಲಿರಲಿ

* ಅರ್ಜಿಯನ್ನು ಯಾರ ಕೈಗೂ ಕೊಡಬೇಡಿ, ಕಿಟಕಿಯಲ್ಲಿ ಕೊಡಿ. ಸಂಖ್ಯೆಯಿರುವ ಸ್ವೀಕೃತಿ ಪಡೆಯದೆ ಅಲ್ಲಿಂದ ಕದಲಬೇಡಿ. ಕಂಪ್ಯೂಟರ್ ನಿಂತಿದ್ದರೆ ನಿಮ್ಮ ಪ್ರತಿಯ ಮೇಲೆ ದಿನಾಂಕ, ಸಹಿ, ಮುದ್ರೆ ಕೇಳಿ. ಅದೂ ಆಗದಿದ್ದರೆ ಸ್ಪೀಡ್ ಪೋಸ್ಟ್ ಮಾಡಿ ಕಳುಹಿಸಿ, ಅಂಚೆ ರಸೀದಿಯನ್ನು ಇಟ್ಟುಕೊಳ್ಳಿ.

* ತಿರಸ್ಕರಿಸಿದರೆ ಕಾರಣವನ್ನು ಬರವಣಿಗೆಯಲ್ಲಿ ಕೇಳಿ. ಬಾಯಿಮಾತಿನ ‘ಆಗೂದಿಲ್ಲ’ ಉತ್ತರವಲ್ಲ. ಸಕಾಲದಲ್ಲಿ ಮೊದಲ ಮೇಲ್ಮನವಿಗೆ 30 ದಿನಗಳ ಅವಕಾಶವಿದೆ.

* ಅರ್ಜಿ ಎಲ್ಲಿದೆ ಎಂದೇ ತಿಳಿಯದಿದ್ದರೆ 2005ರ ಮಾಹಿತಿ ಹಕ್ಕು ಕಾಯ್ದೆ ನೆರವಿಗಿದೆ. ಶುಲ್ಕ 10 ರೂಪಾಯಿ. ಬಡತನ ರೇಖೆಗಿಂತ ಕೆಳಗಿನವರಿಗೆ ಅದೂ ಇಲ್ಲ. 30 ದಿನಗಳಲ್ಲಿ ಉತ್ತರ ಬರಬೇಕು. ನಮ್ಮ ರಾಜ್ಯದ ನಿಯಮದಂತೆ ಒಂದೇ ವಿಷಯ, 150 ಪದಗಳೊಳಗೆ ಕೇಳಬೇಕು. ‘ನನ್ನ ಅರ್ಜಿ ಯಾವ ದಿನದಿಂದ ಯಾವ ದಿನದವರೆಗೆ ಯಾರ ಮೇಜಿನ ಮೇಲಿತ್ತು?’ ಎಂದು ಕೇಳಿ. ಈ ಒಂದು ಪ್ರಶ್ನೆಗೆ ಎಷ್ಟೋ ಕಡತಗಳು ಎದ್ದು ನಡೆದಿವೆ.

* ಲಂಚ ಕೇಳಿದರೆ ಲೋಕಾಯುಕ್ತಕ್ಕೆ ದೂರು ಕೊಡಬಹುದು. ಭ್ರಷ್ಟಾಚಾರ ನಿಗ್ರಹ ದಳವನ್ನು 2022ರಲ್ಲಿ ಹೈಕೋರ್ಟ್ ರದ್ದುಪಡಿಸಿದ ಬಳಿಕ ಆ ಅಧಿಕಾರ ಲೋಕಾಯುಕ್ತ ಪೊಲೀಸರಿಗೆ ಮರಳಿದೆ.

* ಮನೆಯ ಎಲ್ಲ ಸದಸ್ಯರ ಹೆಸರನ್ನು ಒಂದೇ ರೀತಿಯಲ್ಲಿ ಒಂದು ಹಾಳೆಯ ಮೇಲೆ ಬರೆದಿಡಿ. ಯಾವ ಅರ್ಜಿ ತುಂಬಿದರೂ ಅದನ್ನೇ ನೋಡಿ ತುಂಬಿ. ವ್ಯತ್ಯಾಸವಿರುವ ಕಾಗದವನ್ನು ಅವಸರ ಬರುವ ಮೊದಲೇ ತಿದ್ದಿಸಿ.

* ಮನೆಯಲ್ಲಿ ಸಾವಾದರೆ ಮೂರು ತಿಂಗಳೊಳಗೆ ವಾರಸಾ ವರದಿ ಕೊಡಿ. ಸತ್ತವರ ಹೆಸರಿನಲ್ಲೇ ಉಳಿದ ಜಮೀನನ್ನು ವಾರಸುದಾರರ ಹೆಸರಿಗೆ ಮಾಡಲು ಕಂದಾಯ ಇಲಾಖೆ 2025ರಲ್ಲಿ ಇ-ಪೌತಿ ಆಂದೋಲನವನ್ನೇ ಕೈಗೊಂಡಿತು. ಯಾರಾದರೂ ಮನೆಗೆ ಬಂದು ಕೇಳಲಿ ಎಂದು ಕಾಯಬೇಡಿ. ಎಲ್ಲ ಹೆಣ್ಣುಮಕ್ಕಳ ಹೆಸರನ್ನೂ ಬರೆಸಿ.

ಒಬ್ಬರ ಚೀಟಿ, ಹತ್ತು ಜನರ ದಾರಿ

ಇದೆಲ್ಲ ಓದು ಬಲ್ಲವರಿಗೆ ಸರಿ, ಓದಲು ಬಾರದ ವೃದ್ಧೆ ಏನು ಮಾಡಬೇಕು ಎಂದು ನೀವು ಕೇಳಬಹುದು. ಸಂಧ್ಯಾ ಸುರಕ್ಷಾ ಯೋಜನೆಯ ಪಿಂಚಣಿಯನ್ನು ಸರಕಾರ 2021ರಲ್ಲಿ 1000ದಿಂದ 1200 ರೂಪಾಯಿಗೆ ಏರಿಸಿತು. ಅಷ್ಟನ್ನು ಪಡೆಯಲು ಅವಳು ಏಜೆಂಟನಿಗೆ ಎರಡು ತಿಂಗಳ ಪಿಂಚಣಿ ಕೊಡಬೇಕೇ? ಪ್ರತಿಯೊಂದು ಊರಿನ ಜಮಾಅತಿನಲ್ಲಿ ಓದಿದ ಇಬ್ಬರು ಮೂವರು ಯುವಕರಿದ್ದಾರೆ, ಮನೆಯಲ್ಲೇ ಇರುವ ಪದವೀಧರ ಹೆಣ್ಣುಮಕ್ಕಳಿದ್ದಾರೆ. ವಾರಕ್ಕೆ ಒಂದು ಗಂಟೆ ಒಂದು ಕಡೆ ಕುಳಿತು ಬಂದವರ ಕಾಗದ ನೋಡಿ, ಅರ್ಜಿ ತುಂಬಿ, ಚೀಟಿಯ ಸಂಖ್ಯೆಯನ್ನು ಒಂದು ಪುಸ್ತಕದಲ್ಲಿ ಬರೆದಿಟ್ಟರೆ ಸಾಕು. ಧರ್ಮ ಕೇಳದೆ ಊರಿನ ಎಲ್ಲರಿಗೂ ಮಾಡಲಿ. ಆರು ತಿಂಗಳಿಗೊಮ್ಮೆ ಆ ಪುಸ್ತಕವನ್ನು ಅಧಿಕಾರಿಗಳ ಮುಂದಿಟ್ಟು ‘ಇಷ್ಟು ಅರ್ಜಿ ಕೊಟ್ಟೆವು, ಇಷ್ಟು ಆದವು, ಇಷ್ಟು ಉಳಿದವು’ ಎಂದು ವಿನಯದಿಂದ ತೋರಿಸಲಿ. ಕೂಗಾಡುವ ನೂರು ಜನರಿಗಿಂತ ಆ ಪುಸ್ತಕಕ್ಕೆ ಹೆಚ್ಚು ಬೆಲೆ ಸಿಗುತ್ತದೆ.

ವಿಧಾನಸೌಧದ ಮೇಲೆ ‘ಸರ್ಕಾರದ ಕೆಲಸ ದೇವರ ಕೆಲಸ’ ಎಂದು ಬರೆದಿದೆ. ನಮ್ಮ ಮಾತಿನಲ್ಲಿ ಹೇಳುವುದಾದರೆ ಹುದ್ದೆ ಒಂದು ಅಮಾನತು. ಅದನ್ನು ಪಡೆದವರು ಅದಕ್ಕೆ ಉತ್ತರ ಹೇಳಬೇಕು. ಆದರೆ ಅಮಾನತು ಇಟ್ಟವರು ನಾವು. ಇಟ್ಟದ್ದಕ್ಕೆ ಗುರುತು ಕೇಳದಿದ್ದರೆ ನಾಳೆ ಹೇಗೆ ಕೇಳುತ್ತೀರಿ?

ಅಬ್ಬಾ ಅವರ ಹಳೆಯ ಕಬ್ಬಿಣದ ಪೆಟ್ಟಿಗೆ ಈಗ ನನ್ನ ಬಳಿ ಇದೆ. ಅದರಲ್ಲಿ ಅವರು ಕಂದಾಯ ಕಟ್ಟಿದ ನಲವತ್ತು ವರ್ಷಗಳ ರಸೀದಿಗಳಿವೆ. ಓದಲು ಬಾರದ ಮನುಷ್ಯ, ಒಂದನ್ನೂ ಕಳೆದಿರಲಿಲ್ಲ. ಸರಕಾರಕ್ಕೆ ಕೊಟ್ಟದ್ದಕ್ಕೆಲ್ಲ ಅವರು ಚೀಟಿ ಪಡೆದಿದ್ದರು. ಓದಿದ ಮಗ ಮಾತ್ರ ಕುರ್ಚಿಯ ಗೌರವಕ್ಕೆ ಮರುಳಾಗಿ ಕೇಳಲು ನಾಚಿದ. ಆ ರಸೀದಿಗಳ ಮೇಲೆಯೇ ನನ್ನ ಸ್ವೀಕೃತಿ ಚೀಟಿಯನ್ನೂ ಇಟ್ಟಿದ್ದೇನೆ.

ಮುಂದಿನ ಬಾರಿ ನೀವು ಕಚೇರಿಯ ಮೆಟ್ಟಿಲಿಳಿಯುವಾಗ ಒಮ್ಮೆ ನಿಂತು ಜೇಬು ಮುಟ್ಟಿ ನೋಡಿಕೊಳ್ಳಿ. ಚೀಟಿ ಇಲ್ಲವಾದರೆ ದಯವಿಟ್ಟು ಹಿಂದಿರುಗಿ ಹೋಗಿ ಕೇಳಿ.